ಔಟ್‌ಕಾಲ್ಟ್, ರಿಚರ್ಡ್ ಫೆಲ್ಟನ್
1863-1928. ಅಮೆರಿಕದ ವ್ಯಂಗ್ಯಚಿತ್ರಕಾರ. ಪತ್ರಿಕೆಗಳ ಚಿತ್ರಕಥಾ ಪ್ರಕಾರಕ್ಕೆ ಗಟ್ಟಿ ನೆಲೆ ಒದಗಿಸಿದವರಲ್ಲಿ ಪ್ರಮುಖ. ಜನನ ಒಹಾಯೊ ರಾಜ್ಯದ ಲ್ಯಾಂಕಸ್ಟರ್‌ನಲ್ಲಿ, 1863ರ ಜನವರಿ 14ರಂದು. ಸಿನ್ಸಿನಾಟಿಯಲ್ಲಿ ಚಿತ್ರಕಲೆ ಕಲಿತು, ಥಾಮಸ್ ಎಡಿಸನ್‌ನ ಸಂಸ್ಥೆಯಲ್ಲಿ ತಾಂತ್ರಿಕ ಚಿತ್ರಗಳನ್ನು ಬರೆದ. ಅನಂತರ ನ್ಯೂಯಾರ್ಕ್‌ಗೆ ಬಂದು ಟ್ರೂತ್, ಜಡ್ಜ್ ಮುಂತಾದ ವಾರಪತ್ರಿಕೆಗಳಿಗೆ ನಗೆಚಿತ್ರಗಳನ್ನು ಒದಗಿಸಿದ.

1895ರಲ್ಲಿ ಜೋಸೆಫ್ ಪುಲಿಟ್ಜರ್‌ನ ನ್ಯೂಯಾರ್ಕ್ ವರ್ಲ್ಡ್ ಪತ್ರಿಕೆಯಲ್ಲಿ ಈತನ ಹೋಗನ್ಸ್ ಆ್ಯಲಿ ಚಿತ್ರಮಾಲೆ ಆರಂಭವಾಯಿತು. ನಗರದ ಬಡ ಕೇರಿಯ ಮಕ್ಕಳ ಗದ್ದಲದ ಬದುಕೇ ಇದರ ವಸ್ತು. ಬೋಳುತಲೆಯ, ಉಬ್ಬುಹಲ್ಲಿನ ಮಿಕಿ ಡ್ಯುಗನ್ ಎಂಬ ಹುಡುಗ ತೊಟ್ಟ ಹಳದಿ ನಿಲುವಂಗಿಯಿಂದಾಗಿ ಯೆಲ್ಲೊ ಕಿಡ್ ಎಂದೇ ಜನಪ್ರಿಯನಾದ. ಅವನ ಮಾತುಗಳನ್ನು ಆ ಅಂಗಿಯ ಮೇಲೆಯೇ ಬರೆಯುತ್ತಿದ್ದುದು ವಿಶೇಷ. 1896ರಲ್ಲಿ ವಿಲಿಯಂ ರ‍್ಯಾಂಡಾಲ್ಫ್ ಹರ್ಸ್ಟ್ ಹೆಚ್ಚಿನ ಸಂಬಳ ಕೊಟ್ಟು ಔಟ್‌ಕಾಲ್ಟ್‌ನನ್ನು ತನ್ನ ನ್ಯೂಯಾರ್ಕ್ ಜರ್ನಲ್‌ಗೆ ಸೆಳೆದುಕೊಂಡ. ಪುಲಿಟ್ಜರ್ ಹಳೆಯ ಚಿತ್ರಮಾಲೆಯನ್ನು ಜಾರ್ಜ್ ಲಕ್ಸ್‌ನಿಂದ ಮುಂದುವರಿಸಿದ. ಹೀಗೆ ಒಬ್ಬನೇ ಹುಡುಗ ಎರಡು ಎದುರಾಳಿ ಪತ್ರಿಕೆಗಳಲ್ಲಿ ಕಾಣಿಸಿಕೊಂಡ. ರೋಚಕ ಸುದ್ದಿಯ ಬೆನ್ನುಹತ್ತಿದ ಪತ್ರಿಕಾವೃತ್ತಿಗೆ ಪೀತ ಪತ್ರಿಕೋದ್ಯಮ ಎಂಬ ಹೆಸರು ಬಂದುದಕ್ಕೂ ಈ ಪೈಪೋಟಿಗೂ ನಂಟಿದೆ.

1902ರಲ್ಲಿ ನ್ಯೂಯಾರ್ಕ್ ಹೆರಾಲ್ಡ್‌ಗಾಗಿ ಬಸ್ಟರ್ ಬ್ರೌನ್ ಮಾಲೆಯನ್ನು ಪ್ರಾರಂಭಿಸಿದ. ಸಿರಿವಂತರ ಮನೆಯ ತುಂಟ ಹುಡುಗ ಬಸ್ಟರ್, ಅವನ ನಾಯಿ ಟೈಗ್ ಇದರ ಮುಖ್ಯ ಪಾತ್ರಗಳು. 1904ರ ಸೇಂಟ್ ಲೂಯಿಸ್ ವಿಶ್ವಮೇಳದ ಸಂದರ್ಭದಲ್ಲಿ ಪಾತ್ರದ ಹೆಸರು, ಚಿತ್ರಗಳನ್ನು ಬಳಸುವ ಹಕ್ಕನ್ನು ಔಟ್‌ಕಾಲ್ಟ್ ಹಲವು ತಯಾರಕರಿಗೆ ಮಾರಿದ. ಬಸ್ಟರ್ ಬ್ರೌನ್ ಬೂಟುಗಳು ಮನೆಮಾತಾದವು. ಮುಂದೆ ಈತ ಮತ್ತೆ ಹರ್ಸ್ಟ್ ಬಳಗ ಸೇರಿದಾಗ ವಿವಾದ ನ್ಯಾಯಾಲಯದ ಮೆಟ್ಟಿಲೇರಿತು. ಮಾಲೆಯ ಶೀರ್ಷಿಕೆ ಹೆರಾಲ್ಡ್‌ಗೆ ಉಳಿಯಿತು, ಪಾತ್ರಗಳನ್ನು ಬರೆಯುವ ಅವಕಾಶ ಕಲಾವಿದನಿಗೆ ದಕ್ಕಿತು. 1928ರ ಸೆಪ್ಟೆಂಬರ್ 25ರಂದು ನ್ಯೂಯಾರ್ಕ್‌ನ ಫ್ಲಶಿಂಗ್‌ನಲ್ಲಿ ನಿಧನನಾದ.