ಜನವರಿ 26: ಒಂದೇ ತಾರೀಖು, ಹಲವು ನೆನಪು

ಪ್ರತಿ ಸಲ ಗಣರಾಜ್ಯೋತ್ಸವ ಹತ್ತಿರ ಬಂದಾಗ ನಮ್ಮ ಫೋನುಗಳಿಗೆ ಒಂದು ಸಂದೇಶ ಬರುತ್ತದೆ. ಸಂಗೊಳ್ಳಿ ರಾಯಣ್ಣನ ಜಯಂತಿ ಆಗಸ್ಟ್ 15, ಅವನನ್ನು ಗಲ್ಲಿಗೇರಿಸಿದ್ದು ಜನವರಿ 26, ಇದು ದೈವಲೀಲೆ ಅನ್ನೋ ಸಂದೇಶ ಅದು. ಕೆಲವರು ಇನ್ನೂ ಮುಂದೆ ಹೋಗಿ, ಸರ್ಕಾರ ರಾಯಣ್ಣನಿಗಾಗಿಯೇ ಈ ದಿನಗಳನ್ನು ಆರಿಸಿತು ಅಂತಲೂ ಬರೆಯುತ್ತಾರೆ. ತಾರೀಖು ಒಂದೇ ಅನ್ನೋದು ನಿಜ. ಆದರೆ ಅದು ಒಂದಾದದ್ದು ಹೇಗೆ? ಅದನ್ನು ಬಿಡಿಸಿ ನೋಡೋಣ.

1831: ನಂದಗಡ

ರಾಯಣ್ಣ ಈಗಿನ ಬೈಲಹೊಂಗಲ ತಾಲ್ಲೂಕಿನ ಸಂಗೊಳ್ಳಿಯವನು. ವಾಲೀಕಾರಿಕೆ ಮಾಡುತ್ತಿದ್ದ ಮನೆತನ. ಊರಿನ ಕಾವಲು ಸೇವೆಗೆ ಪ್ರತಿಯಾಗಿ ಆ ಮನೆತನಕ್ಕೆ ಇನಾಮು ಹೊಲ ಇತ್ತು. 1824ರಲ್ಲಿ ರಾಣಿ ಚೆನ್ನಮ್ಮನ ಕಿತ್ತೂರು ಬ್ರಿಟಿಷರ ವಿರುದ್ಧ ನಿಂತಾಗ ಅವನೂ ಹೋರಾಡಿದ. ಕಿತ್ತೂರು ಸೋತ ಮೇಲೆ ಇನಾಮು ಹೊಲ ಕಂಪನಿ ಸರ್ಕಾರದ ಪಾಲಾಯಿತು, ಉಳಿದ ಹೊಲದ ಮೇಲೆ ಕಂದಾಯ ಹೆಚ್ಚಿತು. ಬೈಲಹೊಂಗಲದಲ್ಲಿ ಸೆರೆಯಲ್ಲಿದ್ದ ಚೆನ್ನಮ್ಮ 1829ರಲ್ಲಿ ತೀರಿಕೊಂಡಳು.

ರಾಯಣ್ಣ ಹೊಲ ಕಳೆದುಕೊಂಡವರನ್ನು, ಕಂದಾಯಕ್ಕೆ ಬೇಸತ್ತವರನ್ನು ಸೇರಿಸಿಕೊಂಡು ಕಾಡಿನಿಂದ ಹೋರಾಟ ಶುರು ಮಾಡಿದ. ಕಂಪನಿಯ ಕಚೇರಿಗಳಿಗೆ ಬೆಂಕಿ ಬಿತ್ತು, ಖಜಾನೆ ಲೂಟಿಯಾಯಿತು. ಯುದ್ಧ ಮಾಡಿ ಅವನನ್ನು ಹಿಡಿಯಲಾಗಲಿಲ್ಲ. 1830ರ ಏಪ್ರಿಲ್‌ನಲ್ಲಿ ನಂಬಿದವರೇ ಹಿಡಿದುಕೊಟ್ಟರು. 1831ರ ಜನವರಿ 26ರಂದು ಈಗಿನ ಖಾನಾಪುರ ತಾಲ್ಲೂಕಿನ ನಂದಗಡದಲ್ಲಿ ಅವನನ್ನು ಆಲದ ಮರಕ್ಕೆ ಗಲ್ಲಿಗೇರಿಸಿದರು. ಅವನ ಸಮಾಧಿ ಇರುವುದೂ ಅಲ್ಲೇ. ಮಕ್ಕಳಾಗಲಿ ಅಂತ ಹರಕೆ ಹೊತ್ತವರು ಅಲ್ಲಿನ ಆಲದ ಮರಕ್ಕೆ ಪುಟ್ಟ ತೊಟ್ಟಿಲು ಕಟ್ಟುತ್ತಾರೆ.

1930: ಲಾಹೋರ್‌ನ ತೀರ್ಮಾನ

99 ವರ್ಷ ಮುಂದೆ ಬರೋಣ. 1929ರ ಡಿಸೆಂಬರ್‌ನಲ್ಲಿ ಲಾಹೋರ್‌ನಲ್ಲಿ ಜವಾಹರಲಾಲ್ ನೆಹರೂ ಅಧ್ಯಕ್ಷತೆಯಲ್ಲಿ ಕಾಂಗ್ರೆಸ್ ಅಧಿವೇಶನ ನಡೆಯಿತು. ಇನ್ನು ಅರ್ಧಂಬರ್ಧ ಅಧಿಕಾರ ಬೇಡ, ಪೂರ್ಣ ಸ್ವರಾಜ್ಯವೇ ಬೇಕು ಅಂತ ಅಲ್ಲಿ ನಿರ್ಣಯವಾಯಿತು. ಇದನ್ನು ಊರೂರಿಗೆ ಮುಟ್ಟಿಸಲು ಒಂದು ದಿನ ಬೇಕಿತ್ತು. ಜನವರಿಯ ಕೊನೆಯ ಭಾನುವಾರವನ್ನು ಗೊತ್ತುಮಾಡಿದರು. ಆ ವರ್ಷ ಅದು 26ನೇ ತಾರೀಖಿಗೆ ಬಂತು. ಅಂದು ದೇಶದ ಊರೂರಲ್ಲಿ ಜನ ಸೇರಿ ಬಾವುಟ ಹಾರಿಸಿ ಪ್ರತಿಜ್ಞೆ ತೆಗೆದುಕೊಂಡರು. ಆಮೇಲೆ 1947ರವರೆಗೂ ಹೋರಾಟಗಾರರಿಗೆ ಸ್ವಾತಂತ್ರ್ಯ ದಿನ ಅಂದರೆ ಜನವರಿ 26.

1950: ಬೇಕೆಂದೇ ಆರಿಸಿದ ದಿನ

ಸ್ವಾತಂತ್ರ್ಯ ಮಾತ್ರ ಬಂದದ್ದು ಆಗಸ್ಟ್ 15ಕ್ಕೆ. ಆ ತಾರೀಖು ಮೌಂಟ್‌ಬ್ಯಾಟನ್ ಅವರ ಆಯ್ಕೆ. 1945ರಲ್ಲಿ ಜಪಾನ್ ಶರಣಾದದ್ದು ಅದೇ ದಿನ ಅನ್ನೋದು ಅವರ ಮನಸ್ಸಿನಲ್ಲಿತ್ತು. ಹಾಗಾದರೆ 17 ವರ್ಷ ಆಚರಿಸಿದ ಜನವರಿ 26ರ ಗತಿ ಏನು?

ಸಂವಿಧಾನಕ್ಕೆ ಒಪ್ಪಿಗೆ ಸಿಕ್ಕಿದ್ದು 1949ರ ನವೆಂಬರ್ 26ರಂದು. ಪೌರತ್ವ, ಚುನಾವಣೆಯಂಥ ಕೆಲವು ವಿಧಿಗಳು ಅಂದೇ ಜಾರಿಯಾದವು. ಉಳಿದದ್ದಕ್ಕೆ ಎರಡು ತಿಂಗಳು ಕಾದು, 1950ರ ಜನವರಿ 26ರಂದೇ ಜಾರಿ ಮಾಡಿದರು. 1930ರ ಪ್ರತಿಜ್ಞೆಯ ನೆನಪು ಉಳಿಯಲಿ ಅಂತ. ಅಂದರೆ 1930 ಮತ್ತು 1950 ಒಂದೇ ದಿನ ಬಂದದ್ದು ಆಕಸ್ಮಿಕವಲ್ಲ, ತೀರ್ಮಾನ. ರಾಯಣ್ಣನ ದಿನ ಅದಕ್ಕೆ ಕೂಡಿಬಂದದ್ದು ಮಾತ್ರ ಕಾಕತಾಳೀಯ.

ಅವತ್ತು ಕನ್ನಡಿಗರು ಒಂದೇ ರಾಜ್ಯದಲ್ಲಿ ಇರಲಿಲ್ಲ ಅನ್ನೋದನ್ನೂ ಮರೆಯಬಾರದು. ಮೈಸೂರಿನಲ್ಲಿ ಜಯಚಾಮರಾಜ ಒಡೆಯರ್ ರಾಜಪ್ರಮುಖರಾದರು. ಬೀದರ್, ಕಲಬುರಗಿ, ರಾಯಚೂರು ಹೈದರಾಬಾದ್ ರಾಜ್ಯದಲ್ಲಿದ್ದವು. ಮಂಗಳೂರು ಮದ್ರಾಸಿಗೆ ಸೇರಿತ್ತು, ಕೊಡಗು ಬೇರೆಯೇ ರಾಜ್ಯವಾಗಿತ್ತು. ರಾಯಣ್ಣನ ಸಂಗೊಳ್ಳಿ, ನಂದಗಡ ಎರಡೂ ಬೊಂಬಾಯಿ ರಾಜ್ಯದಲ್ಲಿದ್ದವು. ಎಲ್ಲರೂ ಒಂದಾಗಲು 1956ರ ನವೆಂಬರ್ 1ರವರೆಗೆ ಕಾಯಬೇಕಾಯಿತು.

ಎಲ್ಲರಿಗೂ ಹಬ್ಬವಲ್ಲ

ಜನವರಿ 26 ಆಸ್ಟ್ರೇಲಿಯಾದಲ್ಲೂ ರಾಷ್ಟ್ರೀಯ ದಿನ. 1788ರಲ್ಲಿ ಬ್ರಿಟಿಷರು ಸಿಡ್ನಿ ತೀರದಲ್ಲಿ ನೆಲೆ ಹೂಡಿದ ದಿನ ಅದು. ಅಲ್ಲಿನ ಮೂಲನಿವಾಸಿಗಳಿಗೆ ಅದೇ ನೆಲ ಕಳೆದುಕೊಂಡ ದಿನ. 1938ರಲ್ಲಿ, 150ನೇ ವರ್ಷದ ಸಂಭ್ರಮ ನಡೆಯುತ್ತಿದ್ದಾಗಲೇ, ಅವರು ಅದನ್ನು ಶೋಕದ ದಿನವಾಗಿ ಆಚರಿಸಿದರು. ನಮ್ಮ ಗುಜರಾತಿನ ಕಛ್‌ ಜನರಿಗೆ ಈ ದಿನ ಅಂದರೆ 2001ರ ಭೂಕಂಪ. ಅಂಜಾರ್‌ನಲ್ಲಿ ಗಣರಾಜ್ಯೋತ್ಸವದ ಮೆರವಣಿಗೆ ಹೊರಟಿದ್ದ ಶಾಲಾ ಮಕ್ಕಳ ಮೇಲೆ ಎರಡೂ ಬದಿಯ ಕಟ್ಟಡಗಳು ಕುಸಿದವು.

ಇಷ್ಟೆಲ್ಲ ಯಾಕೆ ಬರೆದೆವು ಅಂದರೆ, ರಾಯಣ್ಣನನ್ನು ಬರೀ ತಾರೀಖಿನ ಪವಾಡ ಮಾಡಿಬಿಟ್ಟರೆ ಅವನು ಯಾತಕ್ಕೆ ಹೋರಾಡಿದ ಅನ್ನೋದೇ ಮರೆತುಹೋಗುತ್ತದೆ. ರಾಣಿಗೆ ಕೊಟ್ಟ ಮಾತಿಗೆ, ಹೊಲಕ್ಕೆ, ಹೊರೆಯಾದ ಕಂದಾಯದ ವಿರುದ್ಧ ಅವನು ಹೋರಾಡಿದ. ಅವನನ್ನು ದೊಡ್ಡವನಾಗಿ ಮಾಡಿದ್ದು ಕ್ಯಾಲೆಂಡರ್ ಅಲ್ಲ, ಅವನ ಹೋರಾಟ. ಈ ಸಲ ನಿಮ್ಮೂರ ಶಾಲೆಯಲ್ಲಿ ಬಾವುಟ ಹಾರಿಸಿದಾಗ ಮಾತಾಡುವ ಅವಕಾಶ ಸಿಕ್ಕರೆ, ಮಕ್ಕಳಿಗೆ ಸಂವಿಧಾನದ ಜೊತೆ 1831ರ ಕಥೆಯನ್ನೂ ಹೇಳಿ. ದಿನ ಕೂಡಿಬಂದದ್ದು ಆಕಸ್ಮಿಕ, ನೆನೆಯುವುದು ನಮ್ಮ ಕೈಲಿದೆ.