ಹಳೇ ಪ್ಲೇಸ್ಟೇಷನ್‌ಗೆ ಪಿಎಸ್‌ಪಿ, ಗೇಮ್‌ಬಾಯ್ ಆಟ ಹಾಕಬಹುದೇ? ಆ ಫಾರ್ವರ್ಡ್‌ನಲ್ಲಿ ನಿಜ ಎಷ್ಟು, ಸುಳ್ಳು ಎಷ್ಟು

"ಮೂಲೆ ಸೇರಿರುವ ಪ್ಲೇಸ್ಟೇಷನ್ ಗುಜರಿಗೆ ಹಾಕಬೇಡಿ!! ಪಿಎಸ್‌ಪಿ, ಗೇಮ್‌ಬಾಯ್‌ನ 10,000 ಆಟಗಳು ಈಗ ಫ್ರೀ. 20 ವರ್ಷ ದಾಟಿದ ಗೇಮ್‌ಗಳಿಗೆ ಕಾಪಿರೈಟ್ ಇಲ್ಲ. ಈ ಆ್ಯಪ್ ಹಾಕಿಕೊಂಡರೆ ಮೊಬೈಲ್‌ನಿಂದಲೇ ಕನ್ಸೋಲ್ ಅನ್‌ಲಾಕ್ ಆಗುತ್ತೆ. ಎಲ್ಲ ಗ್ರೂಪ್‌ಗೂ ಕಳಿಸಿ."

ಯಳಂದೂರು ತಾಲ್ಲೂಕಿನ ಅಗರದಿಂದ ಓದುಗರೊಬ್ಬರು ಈ ಸಂದೇಶ ಕಳಿಸಿ, "ಇದು ನಿಜವೇ ಸಾರ್?" ಎಂದು ಕೇಳಿದ್ದಾರೆ. ಅವರ ಮನೆಯಲ್ಲಿ ಮಗ ಚಿಕ್ಕವನಿದ್ದಾಗ ಕೊಂಡ ಪ್ಲೇಸ್ಟೇಷನ್ 2 ಇದೆ, ಒಂದು ಪಿಎಸ್‌ಪಿಯೂ ಇದೆ. ಪಿಎಸ್‌ಪಿಯ ನಾಲ್ಕೈದು ಡಿಸ್ಕ್‌ಗಳನ್ನು ಈಗ ತಂಗಿಯ ಮಕ್ಕಳು ಟಿವಿಯಲ್ಲಿ ಆಡಬೇಕು ಅನ್ನುತ್ತಿದ್ದಾರಂತೆ. ಕೊಳ್ಳೇಗಾಲದಲ್ಲಿ ವಿಚಾರಿಸಿದಾಗ "ಚಿಪ್ ಹಾಕಿಸಿ, ಎಲ್ಲಾ ಓಡುತ್ತೆ" ಅಂದರಂತೆ. ಫಾರ್ವರ್ಡ್‌ನಲ್ಲಿದ್ದ ಲಿಂಕ್ ಒತ್ತಿದರೆ ಮೊದಲು 199 ರೂಪಾಯಿ ಕಟ್ಟಿ ಅನ್ನುತ್ತಿದೆ. ದುಡ್ಡು ಕಟ್ಟುವ ಮೊದಲೇ ಕೇಳಿದ್ದು ಒಳ್ಳೆಯದಾಯಿತು.

ಈ ಸಂದೇಶ ಪೂರ್ತಿ ಸುಳ್ಳಲ್ಲ, ಅದಕ್ಕೇ ಜನ ನಂಬುತ್ತಾರೆ. ನಿಜ ಇರುವ ಭಾಗದಿಂದಲೇ ಶುರು ಮಾಡೋಣ.

ಕಂಪನಿಗಳೇ ಮಾಡಿದ್ದ ಕೆಲಸ

ಕೈಯಲ್ಲಿ ಹಿಡಿದು ಆಡುವ ಯಂತ್ರದ ಆಟವನ್ನು ಟಿವಿಗೆ ಜೋಡಿಸುವ ಕನ್ಸೋಲ್‌ನಲ್ಲಿ ಆಡುವುದು ಹ್ಯಾಕರ್‌ಗಳು ಕಂಡುಹಿಡಿದ ವಿದ್ಯೆಯಲ್ಲ. ನಿಂಟೆಂಡೊ ಕಂಪನಿಯ ಗೇಮ್‌ಬಾಯ್ ಬಂದದ್ದು 1989ರಲ್ಲಿ. ಅದರ ಕ್ಯಾಟ್ರಿಜ್‌ಗಳನ್ನು ಟಿವಿಯಲ್ಲಿ ಆಡಲು 'ಸೂಪರ್ ಗೇಮ್‌ಬಾಯ್' ಎಂಬ ಸಾಧನವನ್ನು 1994ರಲ್ಲಿ ಅದೇ ಕಂಪನಿ ಮಾರಿತು. 2003ರಲ್ಲಿ ಗೇಮ್‌ಕ್ಯೂಬ್ ಕನ್ಸೋಲ್‌ಗೆ 'ಗೇಮ್‌ಬಾಯ್ ಪ್ಲೇಯರ್' ಬಂತು. ಸೋನಿ ಕೂಡ 2009ರಲ್ಲಿ 'ಮಿನಿಸ್' ಎಂಬ ಸಣ್ಣ ಪಿಎಸ್‌ಪಿ ಆಟಗಳನ್ನು ಪ್ಲೇಸ್ಟೇಷನ್ 3ರಲ್ಲೂ ಓಡುವಂತೆ ಮಾಡಿತು. 2011ರಿಂದ ಕೆಲವು ಪಿಎಸ್‌ಪಿ ಆಟಗಳನ್ನು ತಿದ್ದಿ ಪ್ಲೇಸ್ಟೇಷನ್ 3ಕ್ಕೆಂದೇ ಮಾರಿತು.

ಹೀಗೆ ಮಾಡಲು ಪ್ಲೇಸ್ಟೇಷನ್ 3ರ ಒಳಗೆ ಪಿಎಸ್‌ಪಿಯಂತೆ ನಟಿಸುವ ಒಂದು ಸಾಫ್ಟ್‌ವೇರ್ ಬೇಕಾಯಿತು. ಇಂಥದ್ದನ್ನು ಎಮ್ಯುಲೇಟರ್ ಎನ್ನುತ್ತಾರೆ. ಆಟಕ್ಕೆ ತಾನು ಪಿಎಸ್‌ಪಿಯೊಳಗೇ ಇದ್ದೇನೆ ಅನ್ನಿಸಬೇಕು, ಅಷ್ಟೇ. 'ಜೈಲ್‌ಬ್ರೇಕ್' ಅಥವಾ 'ಮಾಡ್' ಮಾಡಿದ ಪ್ಲೇಸ್ಟೇಷನ್ 3ರಲ್ಲಿ ಪಿಎಸ್‌ಪಿ ಆಟ ಹಾಕುವವರು ಬಹಳ ಸಲ ಬಳಸುವುದು ಸೋನಿಯೇ ಒಳಗಿಟ್ಟ ಆ ಸಾಫ್ಟ್‌ವೇರನ್ನೇ. ಆದರೆ ಅದನ್ನು ಸಿದ್ಧಪಡಿಸಿದ್ದು ಕಂಪನಿ ಆರಿಸಿದ ಕೆಲವೇ ಆಟಗಳಿಗೆ. ಬೇರೆ ಆಟ ಹಾಕಿದರೆ ಕೆಲವು ಓಡುತ್ತವೆ, ಕೆಲವು ನಡುವೆ ನಿಲ್ಲುತ್ತವೆ, ಕೆಲವು ಕಪ್ಪು ಪರದೆ ಬಿಟ್ಟು ಮುಂದೆ ಹೋಗುವುದೇ ಇಲ್ಲ.

ಪ್ಲೇಸ್ಟೇಷನ್ 2ರಲ್ಲಿ ಪಿಎಸ್‌ಪಿ ಆಟ ಓಡುವುದಿಲ್ಲ

ಅಗರದ ಓದುಗರಿಗೆ ಬೇಕಾದ ಉತ್ತರ ಇದು. ಪ್ಲೇಸ್ಟೇಷನ್ 2ಕ್ಕೆ ಯಾವ ಚಿಪ್ ಹಾಕಿಸಿದರೂ ಪಿಎಸ್‌ಪಿ ಆಟ ಅದರಲ್ಲಿ ಓಡುವುದಿಲ್ಲ.

ಕಾರಣ ಸರಳ. ಒಂದು ಯಂತ್ರ ಇನ್ನೊಂದರಂತೆ ನಟಿಸಬೇಕಾದರೆ ಆ ಇನ್ನೊಂದರ ಪ್ರತಿಯೊಂದು ಆಜ್ಞೆಯನ್ನೂ ತನ್ನ ಭಾಷೆಗೆ ಬದಲಿಸಿಕೊಂಡು ನಡೆಸಬೇಕು. ಒಂದು ಆಜ್ಞೆಗೆ ಹತ್ತಾರು ಆಜ್ಞೆಗಳಷ್ಟು ದುಡಿಮೆ. ಹಾಗಾಗಿ ನಟಿಸುವ ಯಂತ್ರ ಮೂಲಕ್ಕಿಂತ ಹಲವು ಪಟ್ಟು ವೇಗದ್ದಾಗಿರಬೇಕು. ಪ್ಲೇಸ್ಟೇಷನ್ 2ರ ಪ್ರೊಸೆಸರ್ ವೇಗ ಸುಮಾರು 295 ಮೆಗಾಹರ್ಟ್ಸ್. ಪಿಎಸ್‌ಪಿಯದು 333 ಮೆಗಾಹರ್ಟ್ಸ್‌ವರೆಗೆ ಹೋಗುತ್ತದೆ. ಜೇಬಿನಲ್ಲಿ ಹಿಡಿಯುವ ಯಂತ್ರದ ಗಡಿಯಾರವೇ ಟಿವಿ ಪಕ್ಕದ ಡಬ್ಬಿಗಿಂತ ಮುಂದೆ! ಮೆಮೊರಿಯ ಕಥೆಯೂ ಅಷ್ಟೆ. ಪ್ಲೇಸ್ಟೇಷನ್ 2ರಲ್ಲಿ ಇರುವುದು 32 ಎಂಬಿ, ಮೊದಲ ಪಿಎಸ್‌ಪಿಯಲ್ಲೂ 32 ಎಂಬಿ. ನಟನಿಗೂ ಪಾತ್ರಕ್ಕೂ ಸೇರಿ ಅಷ್ಟರಲ್ಲಿ ಜಾಗ ಸಾಲುವುದಿಲ್ಲ.

ಹಾಗಾದರೆ "ನಾನೇ ಪ್ಲೇಸ್ಟೇಷನ್ 2ರಲ್ಲಿ ಪಿಎಸ್‌ಪಿ ಆಟ ಆಡಿದ್ದೇನೆ" ಅನ್ನುವವರು ಸುಳ್ಳು ಹೇಳುತ್ತಿದ್ದಾರೆಯೇ? ಇಲ್ಲ, ಗೊಂದಲ ಅಷ್ಟೇ ಇರಬಹುದು ಎಂಬುದು ನಮ್ಮ ಊಹೆ. ನಮ್ಮಲ್ಲಿ ಹೆಸರುವಾಸಿಯಾದ ಜಿಟಿಎ ಸರಣಿಯ 'ಲಿಬರ್ಟಿ ಸಿಟಿ ಸ್ಟೋರೀಸ್' ಮೊದಲು ಬಂದದ್ದು ಪಿಎಸ್‌ಪಿಗೆ, 2005ರಲ್ಲಿ. ಮರುವರ್ಷ ಕಂಪನಿಯೇ ಅದನ್ನು ಪ್ಲೇಸ್ಟೇಷನ್ 2ಕ್ಕೆ ಬೇರೆಯಾಗಿ ಸಿದ್ಧಪಡಿಸಿ ಮಾರಿತು. 'ವೈಸ್ ಸಿಟಿ ಸ್ಟೋರೀಸ್' ಕೂಡ ಅದೇ ದಾರಿ ಹಿಡಿಯಿತು. ಕಬಡ್ಡಿಯಂಥ ನಮ್ಮ ಆಟಗಳನ್ನಿಟ್ಟು ಮಾಡಿದ 'ದೇಸಿ ಅಡ್ಡಾ' ಕೂಡ ಎರಡೂ ಯಂತ್ರಗಳಿಗೆ ಬಂದಿತ್ತು. ಹೆಸರು ಒಂದೇ, ಡಿಸ್ಕ್ ಬೇರೆ. ಒಂದರದ್ದು ಇನ್ನೊಂದಕ್ಕೆ ಹೊಂದುವುದಿಲ್ಲ.

ಗೇಮ್‌ಬಾಯ್ ವಿಷಯ ಬೇರೆ. ಅದರ ಪ್ರೊಸೆಸರ್ ಸುಮಾರು 4 ಮೆಗಾಹರ್ಟ್ಸ್, ಪರದೆ 160×144 ಚುಕ್ಕೆ. ಟೆಟ್ರಿಸ್ ಆಟ ಪೂರ್ತಿ ಸೇರಿ 32 ಕೆಬಿ, ಅಂದರೆ ವಾಟ್ಸ್‌ಆ್ಯಪ್‌ನಲ್ಲಿ ಬರುವ ಒಂದು ಗುಡ್ ಮಾರ್ನಿಂಗ್ ಚಿತ್ರಕ್ಕಿಂತ ಚಿಕ್ಕದು. ಇಂಥದ್ದನ್ನು ಪ್ಲೇಸ್ಟೇಷನ್ 2 ಸಲೀಸಾಗಿ ಓಡಿಸಬಲ್ಲದು. 2001ರ ಗೇಮ್‌ಬಾಯ್ ಅಡ್ವಾನ್ಸ್‌ಗೆ ಬಂದರೆ ತೊಡಕು ಶುರು. ಅದರ ದೊಡ್ಡ ಕ್ಯಾಟ್ರಿಜ್ 32 ಎಂಬಿ, ಕನ್ಸೋಲ್‌ನ ಮೆಮೊರಿಯೂ 32 ಎಂಬಿ. ಪೂರ್ತಿ ಒಳಗೆ ಹಿಡಿಯದ್ದರಿಂದ ಚೂರು ಚೂರಾಗಿ ಪೆನ್‌ಡ್ರೈವ್‌ನಿಂದ ಓದಬೇಕು. ಪ್ಲೇಸ್ಟೇಷನ್ 2ರ ಯುಎಸ್‌ಬಿಯೋ ಹಳೆಯ 1.1 ಮಾದರಿ, ಆಮೆ ನಡಿಗೆ. ಆಟ ತಡವರಿಸುತ್ತದೆ, ಹಾಡು ಎಳೆದಂತೆ ಕೇಳುತ್ತದೆ.

ಇನ್ನು ಆ 10,000 ಆಟಗಳು. ಹಿಂದೆ ಜಾತ್ರೆಯಲ್ಲಿ ಸಿಗುತ್ತಿದ್ದ ಟಿವಿ ಗೇಮ್‌ನ '9999 ಇನ್ 1' ಕ್ಯಾಟ್ರಿಜ್ ನೆನಪಿದೆಯೇ? ಪಟ್ಟಿ ಇಳಿಸುತ್ತಾ ಹೋದರೆ ಅದದೇ ಆಟಗಳು ಮತ್ತೆ ಮತ್ತೆ ಬರುತ್ತಿದ್ದವು. ಇಲ್ಲೂ ಲೆಕ್ಕ ಹಾಗೆಯೇ ಬೆಳೆಯುತ್ತದೆ. ಒಂದೇ ಆಟದ ಜಪಾನ್, ಅಮೆರಿಕ, ಯುರೋಪ್ ಆವೃತ್ತಿಗಳನ್ನು ಬೇರೆ ಬೇರೆಯಾಗಿ ಎಣಿಸುತ್ತಾರೆ.

ಮೊಬೈಲ್ ಆ್ಯಪ್‌ನಿಂದ ಅನ್‌ಲಾಕ್?

ಇದು ಫಾರ್ವರ್ಡ್‌ನ ಅಪಾಯದ ಭಾಗ. ಪ್ಲೇಸ್ಟೇಷನ್ 2ರಲ್ಲಿ ವೈಫೈ ಇಲ್ಲ, ಬ್ಲೂಟೂತ್ ಇಲ್ಲ. ಮೊಬೈಲ್ ಅದರ ಜೊತೆ ಮಾತಾಡುವುದಾದರೂ ಹೇಗೆ? ಅದನ್ನು ಮಾಡ್ ಮಾಡುವ ದಾರಿಗಳೇ ಬೇರೆ. ಹಿಂದೆ ಒಳಗಿನ ಬೋರ್ಡಿಗೆ ಚಿಪ್ ಬೆಸುಗೆ ಹಾಕುತ್ತಿದ್ದರು, 'ಚಿಪ್ ಹಾಕಿಸೋದು' ಎಂಬ ಮಾತು ಉಳಿದದ್ದು ಅಲ್ಲಿಂದ. ಆಮೇಲೆ ಮೆಮೊರಿ ಕಾರ್ಡ್‌ನಲ್ಲಿ ಕೂರುವ 'ಫ್ರೀ ಎಂಸಿ ಬೂಟ್' ಬಂತು, ಕಾರ್ಡ್ ತೆಗೆದರೆ ಯಂತ್ರ ಮೊದಲಿನಂತೆ. ಆದರೆ ಕೊನೆಗೆ ತಯಾರಾದ 90000 ಸರಣಿಯ ಎಷ್ಟೋ ಸ್ಲಿಮ್ ಯಂತ್ರಗಳಲ್ಲಿ ಸೋನಿ ಆ ಕಂಡಿಯನ್ನು ಮುಚ್ಚಿತ್ತು. 2020ರಲ್ಲಿ ಡಿವಿಡಿ ಪ್ಲೇಯರ್‌ನ ದೋಷವನ್ನು ಬಳಸುವ ಇನ್ನೊಂದು ದಾರಿ ಬಂತು. ಪ್ಲೇಸ್ಟೇಷನ್ 3ರಲ್ಲಿ ಮಾಡುವುದು ಅದರದೇ ಬ್ರೌಸರ್ ಅಥವಾ ಯುಎಸ್‌ಬಿ ಮೂಲಕ. ಯಾವುದರಲ್ಲೂ ನಿಮ್ಮ ಮೊಬೈಲ್‌ಗೆ ಕೆಲಸವಿಲ್ಲ.

ಹಾಗಾದರೆ ಆ ಎಪಿಕೆ ಫೈಲ್ ಏನು ಮಾಡುತ್ತದೆ? ಇಂಥ ಫೈಲ್‌ಗಳು ಎಸ್‌ಎಂಎಸ್ ಓದುವ ಅನುಮತಿ ಕೇಳುವುದು ಬ್ಯಾಂಕಿನ ಒಟಿಪಿಗಾಗಿ. ಮದುವೆ ಕರೆಯೋಲೆ, ಟ್ರಾಫಿಕ್ ದಂಡದ ಚೀಟಿ ಎಂದು ಬರುವ ಎಪಿಕೆಗಳದ್ದೂ ಇದೇ ಉಪಾಯ, ಇಲ್ಲಿ ವೇಷ ಗೇಮ್‌ನದು. ಈಗಾಗಲೇ ಹಾಕಿಕೊಂಡಿದ್ದರೆ ಮೊಬೈಲ್ ಡೇಟಾ, ವೈಫೈ ಎರಡನ್ನೂ ಆಫ್ ಮಾಡಿ, ಆ್ಯಪ್ ತೆಗೆದುಹಾಕಿ, ಬೇರೆ ಫೋನ್‌ನಿಂದ ಬ್ಯಾಂಕಿಗೆ ತಿಳಿಸಿ. ದುಡ್ಡು ಹೋಗಿದ್ದರೆ ತಡಮಾಡದೆ 1930ಕ್ಕೆ ಕರೆ ಮಾಡಿ.

ಕನ್ಸೋಲ್‌ಗೂ ಅಪಾಯವಿದೆ. ಪ್ಲೇಸ್ಟೇಷನ್ 3ರ ಹಳೆಯ ಮಾದರಿಗಳಿಗೆ ಒಂದು ಬಗೆಯ ಮಾಡ್, ಕೊನೆಯ ಸೂಪರ್ ಸ್ಲಿಮ್‌ಗೆ ಬೇರೆಯದೇ ಬಗೆ. ಮಾದರಿ ನೋಡದೆ ತಪ್ಪು ಫರ್ಮ್‌ವೇರ್ ಹಾಕಿದರೆ ಯಂತ್ರ ಮತ್ತೆ ಏಳುವುದಿಲ್ಲ. ರಿಪೇರಿಯವರ ಮಾತಿನಲ್ಲಿ 'ಬ್ರಿಕ್' ಆಯಿತು, ಅಂದರೆ ಇಟ್ಟಿಗೆ. ಮಾಡ್ ಮಾಡಿದ ಯಂತ್ರದಿಂದ ಆನ್‌ಲೈನ್ ಹೋದರೆ ಸೋನಿ ಖಾತೆಯನ್ನು ಬ್ಯಾನ್ ಮಾಡಬಹುದು, ಕಾಸು ಕೊಟ್ಟು ಕೊಂಡ ಆಟಗಳೂ ಅದರ ಜೊತೆ ಹೋಗುತ್ತವೆ. ಟಿವಿ ಮಾತ್ರ ಹಾಳಾಗುವುದಿಲ್ಲ. ವಿಡಿಯೋ ಗೇಮ್ ಆಡಿದರೆ ಟಿವಿ ಕೆಡುತ್ತದೆ ಎಂದು ದೊಡ್ಡವರು ಗದರುತ್ತಿದ್ದದ್ದಕ್ಕೆ ಹಳೆಯ ಪಿಕ್ಚರ್ ಟ್ಯೂಬ್ ಕಾಲದಲ್ಲಿ ತುಸು ಆಧಾರವಿತ್ತು: ಅಲುಗಾಡದ ಚಿತ್ರವನ್ನು ಗಂಟೆಗಟ್ಟಲೆ ಬಿಟ್ಟರೆ ಅದರ ಗುರುತು ಪರದೆಯಲ್ಲಿ ಉಳಿಯುತ್ತಿತ್ತು.

"20 ವರ್ಷ ದಾಟಿದರೆ ಫ್ರೀ" ಎಂಬುದು

ಸುಳ್ಳು. 1957ರ ನಮ್ಮ ಕಾಪಿರೈಟ್ ಕಾಯ್ದೆಯಲ್ಲಿ ಕಂಪ್ಯೂಟರ್ ಪ್ರೋಗ್ರಾಂ ಅನ್ನು ಸಾಹಿತ್ಯ ಕೃತಿಗಳ ಸಾಲಿಗೆ ಸೇರಿಸಲಾಗಿದೆ. ಹಕ್ಕಿನ ಅವಧಿ ಬರೆದವರ ಜೀವಿತಕಾಲ, ಅದರ ಮೇಲೆ 60 ವರ್ಷ. ಗೇಮ್‌ಬಾಯ್‌ನ ಮೊದಲ ಆಟಗಳಿಗೂ ಆ ಕಾಲ ಬಹಳ ದೂರವಿದೆ. ಅಂಗಡಿಯಲ್ಲಿ ಸಿಗುತ್ತಿಲ್ಲ, ಕಂಪನಿ ಮಾರುವುದನ್ನು ನಿಲ್ಲಿಸಿದೆ ಎಂದ ಮಾತ್ರಕ್ಕೆ ಹಕ್ಕು ಬಿಟ್ಟುಕೊಟ್ಟಂತಲ್ಲ. "ಡೌನ್‌ಲೋಡ್ ಮಾಡಿ 24 ಗಂಟೆಯೊಳಗೆ ಅಳಿಸಿದರೆ ತಪ್ಪಿಲ್ಲ" ಎಂಬ ಇನ್ನೊಂದು ಮಾತೂ ಓಡಾಡುತ್ತದೆ. ಕಾಯ್ದೆಯಲ್ಲಿ ಅಂಥ ವಿನಾಯಿತಿಯೇ ಇಲ್ಲ.

ಹಾಗೆಂದು ಎಲ್ಲವೂ ಅಪರಾಧ ಅನ್ನುವುದೂ ತಪ್ಪು. ಎಮ್ಯುಲೇಟರ್ ಸಾಫ್ಟ್‌ವೇರ್ ತನ್ನಷ್ಟಕ್ಕೆ ಅಪರಾಧವಲ್ಲ. ಸೋನಿ ಮತ್ತು ಕನೆಕ್ಟಿಕ್ಸ್ ಕಂಪನಿಗಳ ನಡುವಿನ ಮೊಕದ್ದಮೆಯಲ್ಲಿ 2000ದಲ್ಲಿ ಅಮೆರಿಕದ ಮೇಲ್ಮನವಿ ನ್ಯಾಯಾಲಯ ಎಮ್ಯುಲೇಟರ್ ಮಾಡಿದವರ ಪರವಾಗಿ ತೀರ್ಪು ಕೊಟ್ಟಿತು. 2024ರ ಏಪ್ರಿಲ್‌ನಿಂದ ಆ್ಯಪಲ್ ಕೂಡ ತನ್ನ ಆ್ಯಪ್ ಸ್ಟೋರ್‌ನಲ್ಲಿ ಹಳೆಯ ಗೇಮ್‌ಗಳ ಎಮ್ಯುಲೇಟರ್‌ಗಳನ್ನು ಬಿಟ್ಟುಕೊಂಡಿದೆ. ನಮ್ಮ ಕಾಯ್ದೆಯ 52ನೇ ಸೆಕ್ಷನ್, ಪ್ರೋಗ್ರಾಂನ ಪ್ರತಿಯನ್ನು ನ್ಯಾಯವಾಗಿ ಹೊಂದಿರುವವರು ಅದು ಕಳೆದುಹೋಗಬಹುದು, ಹಾಳಾಗಬಹುದು ಎಂಬ ಕಾರಣಕ್ಕೆ ಬ್ಯಾಕಪ್ ಪ್ರತಿ ಮಾಡಿಕೊಳ್ಳಲು ಅವಕಾಶ ಕೊಡುತ್ತದೆ. ಅದು ನಿಮ್ಮ ಡಿಸ್ಕ್‌ನಿಂದ ನೀವೇ ಮಾಡಿಕೊಂಡ ಪ್ರತಿಯ ಮಾತು. ಯಾರೋ ವೆಬ್‌ಸೈಟ್‌ನಲ್ಲಿ ಹಾಕಿದ್ದನ್ನು ಇಳಿಸಿಕೊಳ್ಳುವುದಕ್ಕೆ ಇದು ರಕ್ಷಣೆ ಅಲ್ಲ.

2012ರ ತಿದ್ದುಪಡಿಯಿಂದ 65ಎ ಸೆಕ್ಷನ್ ಸೇರಿತು. ಹಕ್ಕು ಉಲ್ಲಂಘಿಸುವ ಉದ್ದೇಶದಿಂದ ತಾಂತ್ರಿಕ ಬೀಗ ಮುರಿದರೆ ಎರಡು ವರ್ಷದವರೆಗೆ ಜೈಲು, ದಂಡ. 'ಉದ್ದೇಶದಿಂದ' ಎಂಬ ಪದ ಇಲ್ಲಿ ಮುಖ್ಯ. ಕಳ್ಳ ಪ್ರತಿ ಎಂದು ಗೊತ್ತಿದ್ದೂ ಬಳಸುವವರಿಗೆ 63ಬಿ ಸೆಕ್ಷನ್ ಬೇರೆ ಇದೆ. ಸಾವಿರಾರು ಆಟ ತುಂಬಿದ ಹಾರ್ಡ್‌ಡಿಸ್ಕ್ ಮಾರುವ ಅಂಗಡಿಯವರು ಇದನ್ನು ಗಿರಾಕಿಗೆ ಹೇಳುವುದಿಲ್ಲ.

ಕಾಯ್ದೆಯ ತಂಟೆಯೇ ಬೇಡ ಅನ್ನುವವರಿಗೆ ಇವತ್ತಿಗೂ ಗೇಮ್‌ಬಾಯ್‌ಗೆ ಹೊಸ ಆಟ ಬರೆಯುವ ಹವ್ಯಾಸಿಗಳಿದ್ದಾರೆ. 'ಟೋಬು ಟೋಬು ಗರ್ಲ್' ಅಂಥದ್ದೊಂದು, ಅವರೇ ಉಚಿತವಾಗಿ ಕೊಟ್ಟದ್ದು. 'ಜಿಬಿ ಸ್ಟುಡಿಯೊ' ಎಂಬ ಉಚಿತ ಸಾಫ್ಟ್‌ವೇರ್‌ನಲ್ಲಿ ಹೈಸ್ಕೂಲು ಮಕ್ಕಳೂ ಸ್ವಂತ ಆಟ ಮಾಡಬಹುದು.

ಅಗರದ ಮನೆಯ ಪಿಎಸ್‌ಪಿಗೆ ಏನು ದಾರಿ?

ನಾವು ಅವರಿಗೆ ಕೇಳಿದ್ದು ಒಂದೇ ಪ್ರಶ್ನೆ: ಪಿಎಸ್‌ಪಿಯ ಹಿಂಭಾಗದಲ್ಲಿ ಬರೆದಿರುವ ಮಾದರಿ ಸಂಖ್ಯೆ ಏನು? 3004 ಎಂದು ಉತ್ತರ ಬಂತು, ಅಂದರೆ 3000 ಸರಣಿ. ಈ ಸರಣಿಯನ್ನು ಕೇಬಲ್ ಮೂಲಕ ನೇರವಾಗಿ ಟಿವಿಗೇ ಜೋಡಿಸಬಹುದು! ಹಳದಿ, ಕೆಂಪು, ಬಿಳಿ ಪಿನ್‌ಗಳ ಪಿಎಸ್‌ಪಿ ಎವಿ ಕೇಬಲ್ ಸಾಕು. 2000 ಸರಣಿಯಾದರೆ ಆಟ ತೋರಿಸಲು ಐದು ಪಿನ್‌ಗಳ ಕಾಂಪೊನೆಂಟ್ ಕೇಬಲ್ಲೇ ಬೇಕು. ಮೊದಲ 1000 ಸರಣಿಗೂ ಕೊನೆಯ ಇ1000 ಸರಣಿಗೂ ಟಿವಿ ಸಂಪರ್ಕವೇ ಇಲ್ಲ. ಚಿತ್ರ ಟಿವಿ ತುಂಬ ಬರುವುದಿಲ್ಲ, ಪಿಎಸ್‌ಪಿ ಪರದೆ 480×272 ಚುಕ್ಕೆಯದ್ದಾದ್ದರಿಂದ ಸುತ್ತ ಕಪ್ಪು ಅಂಚು ಉಳಿಯುತ್ತದೆ. ಟಿವಿ ರಿಮೋಟಿನ ಜೂಮ್ ಒತ್ತಿದರೆ ಸ್ವಲ್ಪ ಸರಿಹೋಗುತ್ತದೆ.

ಜೋಡಿಸುವ ಮೊದಲು ಬ್ಯಾಟರಿ ಮುಚ್ಚಳ ತೆಗೆದು ನೋಡಿ. ವರ್ಷಗಟ್ಟಲೆ ಬೀರುವಿನಲ್ಲಿದ್ದ ಪಿಎಸ್‌ಪಿಗಳ ಲಿಥಿಯಂ ಬ್ಯಾಟರಿ ಊದಿಕೊಂಡಿರುವುದು ಸಾಮಾನ್ಯ. ಊದಿದ್ದರೆ ಚಾರ್ಜ್ ಮಾಡಬೇಡಿ, ಒತ್ತಬೇಡಿ, ಚುಚ್ಚಬೇಡಿ, ಮನೆ ಕಸಕ್ಕೂ ಹಾಕಬೇಡಿ. ಇ-ತ್ಯಾಜ್ಯ ತೆಗೆದುಕೊಳ್ಳುವಲ್ಲಿ ಕೊಡಿ. ಬ್ಯಾಟರಿ ತೆಗೆದಿಟ್ಟು ಚಾರ್ಜರ್ ಮೇಲೇ ಪಿಎಸ್‌ಪಿ ಓಡುತ್ತದೆ. ಮಗ ಆಗ ಆಡಿ ಉಳಿಸಿದ್ದ ಆಟಗಳು ಮೆಮೊರಿ ಸ್ಟಿಕ್‌ನಲ್ಲಿ 'ಸೇವ್‌ಡೇಟಾ' ಫೋಲ್ಡರ್‌ನಲ್ಲಿ ಇರುತ್ತವೆ, ಯುಎಸ್‌ಬಿ ಕೇಬಲ್ ಹಾಕಿ ಅದನ್ನು ಮೊದಲು ಕಂಪ್ಯೂಟರಿಗೆ ನಕಲು ಮಾಡಿಕೊಳ್ಳಿ. ಇಷ್ಟಕ್ಕೆ ಚಿಪ್ಪೂ ಬೇಡ, 199 ರೂಪಾಯಿಯೂ ಬೇಡ. ಅವರ ಪ್ಲೇಸ್ಟೇಷನ್ 2 ತನ್ನದೇ ಡಿಸ್ಕ್‌ಗಳನ್ನು ಈಗಲೂ ಚೆನ್ನಾಗಿ ಓದುತ್ತಿದೆಯಂತೆ, ಅದನ್ನು ಬಿಚ್ಚಿಸಬೇಡಿ ಎಂದು ಹೇಳಿದ್ದೇವೆ.