ಮೊಹರು ಹಾಕಿದ ಲಕೋಟೆ

ಕುವೈತಿನಲ್ಲಿ ಲೆಕ್ಕ ಬರೆಯುವ ನಮಗೆ ಸಸ್ಪೆನ್ಸ್ ಖಾತೆ ಗೊತ್ತು. ತೀರ್ಮಾನವಾಗದ ಮೊತ್ತವನ್ನು ಅಲ್ಲಿಡುತ್ತೇವೆ. ಕೇಂದ್ರ ಸರ್ಕಾರಿ ನೌಕರರಾಗಿದ್ದ ನನ್ನ ಸೋದರಮಾವನ ಮುಂಬಡ್ತಿಯೂ ಹಾಗೇ ಇತ್ತು. ಇಲಾಖಾ ವಿಚಾರಣೆ ಮುಗಿಯುವವರೆಗೆ ಸಮಿತಿಯ ಶಿಫಾರಸು ಮೊಹರು ಹಾಕಿದ ಲಕೋಟೆಯಲ್ಲಿ.

1982ರ ಜ್ಞಾಪನದ ಪ್ರಕಾರ ನಿರ್ದೋಷಿಯಾದವರಿಗೂ ಹಿಂದಿನ ಅವಧಿಯ ಬಾಕಿ ವೇತನವಿರಲಿಲ್ಲ. 1991ರಲ್ಲಿ ಜಾನಕಿರಾಮನ್ ಪ್ರಕರಣದಲ್ಲಿ ಸುಪ್ರೀಂ ಕೋರ್ಟ್ ಇದನ್ನು ಒಪ್ಪಲಿಲ್ಲ. ದುಡಿಯಲು ಸಿದ್ಧನಿದ್ದವನನ್ನು ತಡೆದದ್ದು ಇಲಾಖೆಯೇ. ಅಂಥವನಿಗೆ ಕೆಲಸವಿಲ್ಲದೆ ಸಂಬಳವಿಲ್ಲ ಎನ್ನುವಂತಿಲ್ಲ ಎಂದಿತು. ಬರೀ ಪ್ರಾಥಮಿಕ ತನಿಖೆಯ ನೆಪದಲ್ಲಿ ಲಕೋಟೆ ಮುಚ್ಚಬಾರದು, ದೋಷಾರೋಪಣ ಪಟ್ಟಿ ಕೊಟ್ಟಿರಬೇಕು ಎಂದೂ ಹೇಳಿತು. ಮರುವರ್ಷದ ಜ್ಞಾಪನ ಆರು ತಿಂಗಳಿಗೊಮ್ಮೆ ಪರಿಶೀಲನೆ ಬೇಕೆಂದಿತು. ಪರಿಶೀಲಿಸಿ ಮತ್ತೆ ಮುಚ್ಚಿಡಲು ಅಡ್ಡಿಯೇನೂ ಇರಲಿಲ್ಲ.

ಮಾವ ನಿವೃತ್ತರಾದ ಮೇಲೆ ಲಕೋಟೆ ತೆರೆದರು. ಬಾಕಿಯ ಲೆಕ್ಕ ನಾನೇ ಇಲ್ಲಿಂದ ಹಾಕಿಕೊಟ್ಟೆ. ಮೇಲಿನ ಹುದ್ದೆಯಲ್ಲಿ ಅವರು ಒಂದು ದಿನವೂ ಕೂರಲಿಲ್ಲ.